ಆಂಡ್ರೊಮಾರ್ಫ್ ಅಂದ್ರೆ ಗಂಡಾ, ಹೆಣ್ಣಾ?

ಪ್ರಶ್ನೆ: ಡ್ಯಾಮ್ಸೆಲ್‌ಫ್ಲೈ ಕೀಟದ ಫೋಟೊ ಒಂದರ ಕೆಳಗೆ 'ಆಂಡ್ರೊಮಾರ್ಫ್ ಹೆಣ್ಣು' ಅಂತ ಬರೆದಿತ್ತು. ನೋಡಿದರೆ ಅಚ್ಚ ಗಂಡಿನ ಬಣ್ಣ. ಅಂದರೆ ಅರ್ಧ ಗಂಡು ಅರ್ಧ ಹೆಣ್ಣು ಅಂತಲಾ? ಇದು ಮೊಟ್ಟೆ ಇಡುತ್ತದಾ? ಗೈನಾಂಡ್ರೊಮಾರ್ಫ್ ಅನ್ನುವ ಇನ್ನೊಂದು ಪದವೂ ಕಣ್ಣಿಗೆ ಬಿತ್ತು, ಎರಡೂ ಒಂದೇನಾ? ಮನುಷ್ಯರಿಗೂ ಈ ಪದ ಬಳಸಬಹುದಾ? ಕನ್ನಡದಲ್ಲಿ ಬರೆಯುವಾಗ ಏನಂತ ಬರೆಯಲಿ?

ಉತ್ತರ: ಹೆಣ್ಣು. ಪೂರ್ತಿ ಹೆಣ್ಣು. ಅಂಡಾಶಯ ಇರುತ್ತದೆ, ಗಂಡಿನ ಜೊತೆ ಕೂಡುತ್ತದೆ, ಮೊಟ್ಟೆ ಇಡುತ್ತದೆ, ಮೊಟ್ಟೆಯಿಂದ ಮರಿಗಳೂ ಬರುತ್ತವೆ. ನೋಡೋಕೆ ಮಾತ್ರ ಅದೇ ಜಾತಿಯ ಗಂಡಿನ ಹಾಗಿದೆ. ಅದು ಕಾಯಿಲೆ ಅಲ್ಲ, ಊನ ಅಲ್ಲ, ಲಿಂಗ ಬದಲಾಯಿಸಿಕೊಂಡದ್ದೂ ಅಲ್ಲ.

ಪದ ಬಂದದ್ದು ಗ್ರೀಕ್‌ನಿಂದ. 'ಆಂಡ್ರೊ' ಅಂದರೆ ಗಂಡು, 'ಮಾರ್ಫ್' ಅಂದರೆ ರೂಪ. ಗಂಡುರೂಪಿ, ಅಷ್ಟೇ. ಇದು ಬರೀ ರೂಪದ ವರ್ಣನೆ. ಆ ರೂಪ ಯಾಕೆ ಬಂತು, ಅದರಿಂದ ಏನು ಲಾಭ, ಹಳೇ ರೂಪ ಯಾವುದು ಹೊಸದು ಯಾವುದು ಅನ್ನೋದರ ಬಗ್ಗೆ ಪದ ಬಾಯಿ ಬಿಡುವುದಿಲ್ಲ. ನಿಮಗೆ ಆದ ಗೊಂದಲವೂ ಸೇರಿ, ಈ ಪದದ ಸುತ್ತ ಇರುವ ಗೊಂದಲಗಳಲ್ಲಿ ಹೆಚ್ಚಿನವು ಜನ ಅದರೊಳಗೆ ಕಾರಣವನ್ನೂ ತುರುಕುವುದರಿಂದ ಹುಟ್ಟಿದ್ದು.

ಆದರೂ ಬಳಕೆಯಲ್ಲಿ ಒಂದು ಷರತ್ತು ಇದೆ. ಕಾಗೆಗಳನ್ನು ನೋಡಿ, ಗಂಡು ಯಾವುದು ಹೆಣ್ಣು ಯಾವುದು ಹೇಳೋಕಾಗಲ್ಲ ಅಲ್ವಾ? ಹಾಗಂತ ಹೆಣ್ಣು ಕಾಗೆಯನ್ನು ಯಾರೂ ಆಂಡ್ರೊಮಾರ್ಫ್ ಅನ್ನುವುದಿಲ್ಲ. ಅಲ್ಲಿ ಎಲ್ಲಾ ಹೆಣ್ಣುಗಳೂ ಗಂಡಿನ ಹಾಗೇ ಇವೆ. ಈ ಪದ ಬೇಕಾಗುವುದು ಒಂದೇ ಜಾತಿಯಲ್ಲಿ ಹೆಣ್ಣುಗಳೇ ಎರಡು ಮೂರು ಬಗೆ ಇದ್ದಾಗ, ಅವುಗಳಲ್ಲಿ ಒಂದು ಬಗೆ ಗಂಡನ್ನು ಹೋಲುವಾಗ. ಜೊತೆಗೆ, ಆ ಬಗೆ ಅಪರೂಪಕ್ಕೆ ಹುಟ್ಟಿದ ಒಂಟಿ ವಿಚಿತ್ರ ಆಗಿರಬಾರದು, ಪ್ರತಿ ಪೀಳಿಗೆಯಲ್ಲೂ ಒಂದಷ್ಟು ಸಂಖ್ಯೆಯಲ್ಲಿ ಕಾಣಿಸುತ್ತಿರಬೇಕು.

ನೀವು ನೋಡಿದ ಫೋಟೊ ಡ್ಯಾಮ್ಸೆಲ್‌ಫ್ಲೈದು ಅಂದಿರಿ. ಏರೋಪ್ಲೇನ್ ಚಿಟ್ಟೆಯ ಸಪೂರ ತಂಗಿ ಅದು, ಕೂತಾಗ ಸಾಮಾನ್ಯವಾಗಿ ರೆಕ್ಕೆಗಳನ್ನು ಬೆನ್ನ ಮೇಲೆ ಮಡಚಿಕೊಳ್ಳುತ್ತದೆ. ಆಂಡ್ರೊಮಾರ್ಫ್ ಪದ ಜಾಸ್ತಿ ಓಡಾಡುವುದೂ ಈ ಕೀಟಗಳ ಲೋಕದಲ್ಲೇ. ಅದರಲ್ಲೂ ಇಸ್ನೂರಾ ಅನ್ನುವ ಕುಲ. ಯುರೋಪಿನ ಇಸ್ನೂರಾ ಎಲೆಗನ್ಸ್ ತೆಗೆದುಕೊಳ್ಳಿ. ಗಂಡುಗಳೆಲ್ಲ ಒಂದೇ ತರಹ, ಎದೆ ನೀಲಿ, ಹೊಟ್ಟೆ ಕಪ್ಪು, ಬಾಲದ ತುದಿಯ ಹತ್ತಿರ ದೀಪ ಹಚ್ಚಿದ ಹಾಗೆ ಒಂದು ನೀಲಿ ಪಟ್ಟಿ. ಹೆಣ್ಣುಗಳಲ್ಲಿ ಮೂರು ಬಗೆ. ಒಂದು ಬಗೆ ಗಂಡಿನ ಹಾಗೇ ನೀಲಿ. ಉಳಿದ ಎರಡರಲ್ಲಿ ಒಂದು ಹಸಿರು ಮಿಶ್ರಿತ ಕಂದು, ಇನ್ನೊಂದು ಮಾಸಲು ಕಂದು. ಆ ನೀಲಿ ಹೆಣ್ಣೇ ಆಂಡ್ರೊಮಾರ್ಫ್. ಇದನ್ನೇ ಕೆಲವರು ಆಂಡ್ರೊಕ್ರೋಮ್ ಅನ್ನುತ್ತಾರೆ. ಕ್ರೋಮ್ ಅಂದರೆ ಬಣ್ಣ. ಹೋಲಿಕೆ ಬಣ್ಣದ್ದು ಮಾತ್ರ ಅಂತ ಒತ್ತಿ ಹೇಳಬೇಕಾದಾಗ ಆ ಪದ ಬಳಸುತ್ತಾರೆ. ಗಂಡನ್ನು ಹೋಲದ ಹೆಣ್ಣಿಗೆ ಗೈನೊಮಾರ್ಫ್, ಗೈನೊಕ್ರೋಮ್, ಹೆಟರೊಮಾರ್ಫ್ ಅಂತೆಲ್ಲ ಹೆಸರುಗಳಿವೆ. ಯಾರು ಯಾವುದನ್ನು ಬಳಸುತ್ತಾರೆ ಅನ್ನೋದು ಅವರವರ ಗುರುಗಳ ಅಭ್ಯಾಸದ ಮೇಲೆ ಹೋಗುತ್ತದೆ, ಅದಕ್ಕೆ ತಲೆ ಕೆಡಿಸಿಕೊಳ್ಳಬೇಡಿ.

ಈ ಬಣ್ಣ ವಂಶದಿಂದ ಬರುತ್ತದೆ. ಇಸ್ನೂರಾ ಡ್ಯಾಮುಲಾ ಅನ್ನುವ ಅಮೆರಿಕದ ಜಾತಿಯನ್ನು ಸಾಕಿ, ಅಡ್ಡತಳಿ ಮಾಡಿ, 1964ರಲ್ಲೇ ಕ್ಲಿಫರ್ಡ್ ಜಾನ್ಸನ್ ಇದನ್ನು ತೋರಿಸಿದ್ದರು. ಎಲೆಗನ್ಸ್‌ನಲ್ಲಿ ಮೂರು ಬಗೆಗಳಿಗೂ ಒಂದೇ ಜೀನ್ ಜಾಗ, ಅಲ್ಲಿ ಮೂರು ಆವೃತ್ತಿಗಳು, ಗಂಡುರೂಪದ ಆವೃತ್ತಿ ಉಳಿದೆರಡನ್ನೂ ಮುಚ್ಚಿಹಾಕುತ್ತದೆ. ಮಜಾ ಏನಂದರೆ ಈ ಜೀನ್ ಲಿಂಗದ ಕ್ರೋಮೊಸೋಮಿನ ಮೇಲೆ ಇಲ್ಲ. ಗಂಡುಗಳೂ ಅದನ್ನು ಹೊತ್ತುಕೊಂಡಿರುತ್ತವೆ, ಮಕ್ಕಳಿಗೆ ದಾಟಿಸುತ್ತವೆ, ಆದರೆ ಅವುಗಳ ಮೈಮೇಲೆ ಯಾವ ವ್ಯತ್ಯಾಸವೂ ಕಾಣಿಸುವುದಿಲ್ಲ. ಹಾಗಾಗಿ ಕಂದು ತಾಯಿಗೆ ನೀಲಿ ಮಗಳು ಹುಟ್ಟಬಹುದು, ಅಪ್ಪನ ಕಡೆಯಿಂದ ಬಂದದ್ದು ಅಂತ ಲೆಕ್ಕ.

ಸರಿ, ಗಂಡಿನ ಹಾಗೆ ಕಾಣುವುದರಿಂದ ಹೆಣ್ಣಿಗೆ ಏನು ಸಿಗುತ್ತದೆ? ಇಲ್ಲಿ ಡ್ಯಾಮ್ಸೆಲ್‌ಫ್ಲೈಗಳ ಸಂಸಾರ ಸ್ವಲ್ಪ ಗೊತ್ತಿರಬೇಕು. ನೀರಿನ ಹತ್ತಿರ ಗಂಡುಗಳ ಸಂಖ್ಯೆ ಬಹಳ ಇರುತ್ತದೆ. ಕಂಡ ಹೆಣ್ಣಿನ ಮೇಲೆಲ್ಲ ಎರಗುತ್ತವೆ, ಬಾಲದ ತುದಿಯ ಇಕ್ಕಳದಿಂದ ಕುತ್ತಿಗೆಯ ಹಿಂದೆ ಹಿಡಿದುಕೊಳ್ಳುತ್ತವೆ. ಇಸ್ನೂರಾದಲ್ಲಿ ಒಂದು ಮಿಲನ ಗಂಟೆಗಟ್ಟಲೆ ನಡೆಯಬಹುದು. ಅಷ್ಟೂ ಹೊತ್ತು ಹೆಣ್ಣಿಗೆ ಬೇಟೆ ಇಲ್ಲ, ಮೊಟ್ಟೆ ಇಡೋಕಾಗಲ್ಲ. ಒಂದು ಸಲ ಕೂಡಿದ ವೀರ್ಯವನ್ನೇ ಕೂಡಿಟ್ಟುಕೊಂಡು ಬಹಳ ಮೊಟ್ಟೆಗಳಿಗೆ ಬಳಸಬಲ್ಲ ಹೆಣ್ಣಿಗೆ ಎರಡನೇ, ಮೂರನೇ, ನಾಲ್ಕನೇ ಮಿಲನದಿಂದ ಲಾಭ ಕಡಿಮೆ, ಕಿರಿಕಿರಿಯೇ ಜಾಸ್ತಿ. ಹೀಗಿರುವಾಗ ಗಂಡಿನ ಹಾಗೆ ಕಂಡರೆ ಗಂಡುಗಳು ಬಿಟ್ಟುಬಿಡಬಹುದು ಅನ್ನುವುದು ಒಂದು ವಾದ. ಹ್ಯೂ ರಾಬರ್ಟ್‌ಸನ್ 1985ರಲ್ಲಿ ಇಸ್ನೂರಾ ರಂಬುರಿ ಜಾತಿಯನ್ನು ಅಧ್ಯಯನ ಮಾಡಿ ಈ ವಾದವನ್ನು ಮುಂದಿಟ್ಟರು. ಅಲ್ಲಿನ ಗಂಡುರೂಪಿ ಹೆಣ್ಣುಗಳು ಬಣ್ಣದಲ್ಲಿ ಮಾತ್ರವಲ್ಲ, ನಡವಳಿಕೆಯಲ್ಲೂ ಗಂಡಿನ ಹಾಗೇ ಎದುರು ನಿಲ್ಲುತ್ತಿದ್ದವು.

ಹಾಗಿದ್ದರೆ ಎಲ್ಲಾ ಹೆಣ್ಣುಗಳೂ ನೀಲಿ ಯಾಕಾಗಲಿಲ್ಲ? ಒಳ್ಳೇ ಪ್ರಶ್ನೆ, ಉತ್ತರವೂ ಸೊಗಸಾಗಿದೆ. ಮೋಸ ನಡೆಯುವುದು ಮೋಸಗಾರರು ಕಡಿಮೆ ಇದ್ದಾಗ. ನೀಲಿ ಹೆಣ್ಣುಗಳೇ ತುಂಬಿದರೆ ಗಂಡುಗಳು ನೀಲಿಯನ್ನೂ ಹೋಗಿ ಪರೀಕ್ಷಿಸುತ್ತವೆ, ಆಗ ಕಂದು ಹೆಣ್ಣು ಆರಾಮ. ಇದಕ್ಕೆ ಪೂರಕವಾದ, ಸ್ವಲ್ಪ ಬೇರೆಯದೇ ಆದ ಇನ್ನೊಂದು ವಾದವೂ ಇದೆ. ಗಂಡುಗಳಿಗೆ ಹೆಣ್ಣು ಅಂದರೆ ಹೀಗಿರಬೇಕು ಅನ್ನುವ ಚಿತ್ರ ಹುಟ್ಟಿನಿಂದ ಬರುವುದಿಲ್ಲ, ಸುತ್ತ ಯಾವ ಬಗೆ ಜಾಸ್ತಿ ಕಾಣುತ್ತದೋ ಅದನ್ನೇ ಕಲಿಯುತ್ತವೆ, ಅದರ ಹಿಂದೆಯೇ ಬೀಳುತ್ತವೆ. ಈ ವಾದದ ಪ್ರಕಾರ ಗಂಡಿನ ಹೋಲಿಕೆಗೆ ವಿಶೇಷ ಮಹತ್ವವೇ ಇಲ್ಲ, ಅಪರೂಪವಾಗಿರುವುದೇ ಲಾಭ. 2001ರಲ್ಲಿ ಬೆಲ್ಜಿಯಂನ ಸಂಶೋಧಕರು ಎಲೆಗನ್ಸ್ ಗಂಡುಗಳನ್ನು ಒಂದೇ ಬಗೆಯ ಹೆಣ್ಣುಗಳ ಜೊತೆ ಇಟ್ಟು ಆಮೇಲೆ ಆಯ್ಕೆ ಕೊಟ್ಟಾಗ, ಅವು ಪರಿಚಯವಾದ ಬಗೆಯನ್ನೇ ಜಾಸ್ತಿ ಆರಿಸಿದವು. ಪರಿಚಯ ಬದಲಾಯಿಸಿದರೆ ಆಯ್ಕೆಯೂ ಬದಲಾಯಿತು. ದಕ್ಷಿಣ ಸ್ವೀಡನ್ನಿನಲ್ಲಿ ಎರಿಕ್ ಸ್ವೆನ್ಸನ್ ಮತ್ತು ಸಂಗಡಿಗರು ವರ್ಷವರ್ಷವೂ ಎಣಿಸಿ, ಮೂರು ಬಗೆಗಳ ಪ್ರಮಾಣ ಪೀಳಿಗೆಯಿಂದ ಪೀಳಿಗೆಗೆ ಏರಿಳಿಯುವುದನ್ನು 2005ರಲ್ಲಿ ಪ್ರಕಟಿಸಿದರು. ನನ್ನ ಅಭಿಪ್ರಾಯ ಕೇಳಿದರೆ, ಈ ಎರಡು ವಾದಗಳು ಒಂದನ್ನೊಂದು ಹೊಡೆದುಹಾಕುವುದಿಲ್ಲ. ಒಂದು ಜಾತಿಯಲ್ಲಿ ಒಂದು ವಾದದ ತೂಕ ಹೆಚ್ಚು, ಇನ್ನೊಂದು ಜಾತಿಯಲ್ಲಿ ಇನ್ನೊಂದರದ್ದು.

ಈಗ ಚಿಟ್ಟೆಗೆ ಬನ್ನಿ. ಪದ ಕಾರಣ ಹೇಳುವುದಿಲ್ಲ ಅಂತ ಮೊದಲು ಹೇಳಿದೆನಲ್ಲ, ಅದಕ್ಕೆ ಸರಿಯಾದ ಪುರಾವೆ ಇಲ್ಲಿದೆ. ಕಾಮನ್ ಮಾರ್ಮನ್ ಅನ್ನುವ ಕಪ್ಪು ಚಿಟ್ಟೆಯ ಹೆಣ್ಣುಗಳಲ್ಲೂ ಹಲವು ಬಗೆ. ಆಲ್ಫ್ರೆಡ್ ರಸೆಲ್ ವಾಲೇಸ್ 1865ರಲ್ಲೇ ಇದರ ಬಗ್ಗೆ ಬರೆದಿದ್ದಾರೆ. ಒಂದು ಬಗೆಯ ಹೆಣ್ಣು ಕಾಮನ್ ರೋಸ್ ಚಿಟ್ಟೆಯ ಹಾಗೆ, ಇನ್ನೊಂದು ಕ್ರಿಮ್ಸನ್ ರೋಸ್ ಹಾಗೆ. ಆ ರೋಸ್ ಚಿಟ್ಟೆಗಳು ಮರಿಹುಳುವಾಗಿದ್ದಾಗ ಈಶ್ವರಿ ಬಳ್ಳಿಯ ಜಾತಿಯ ಎಲೆ ತಿಂದು ಮೈಯಲ್ಲಿ ವಿಷ ತುಂಬಿಕೊಂಡಿರುತ್ತವೆ. ಹಕ್ಕಿಗಳು ಮುಟ್ಟುವುದಿಲ್ಲ. ಮಾರ್ಮನ್ ಹೆಣ್ಣು ಆ ವೇಷ ಹಾಕಿ ಬಚಾವಾಗುತ್ತದೆ. ಮೂರನೆಯ ಬಗೆ ಸೈರಸ್, ಅದು ಗಂಡಿನ ಹಾಗೇ, ಕಪ್ಪು ರೆಕ್ಕೆಗೆ ಬಿಳಿ ಚುಕ್ಕಿಗಳ ಸಾಲು. ಇದೂ ಗಂಡುರೂಪಿ ಹೆಣ್ಣೇ. ಆದರೆ ಇದು ಗಂಡನ್ನು ಅನುಕರಿಸುತ್ತಿಲ್ಲ! ಆ ಜಾತಿಯಲ್ಲಿ ಗಂಡು ಹೆಣ್ಣು ಇಬ್ಬರಿಗೂ ಮೊದಲಿದ್ದ ರೂಪವೇ ಅದು. ವೇಷ ಹಾಕಿದ ಹೆಣ್ಣುಗಳು ಬದಲಾದವು, ಸೈರಸ್ ಹಳೇ ರೂಪದಲ್ಲೇ ಉಳಿಯಿತು. ಈ ವೇಷದ ಹಿಂದೆ ಡಬಲ್‌ಸೆಕ್ಸ್ ಅನ್ನುವ ಒಂದೇ ಜೀನ್ ಇದೆ ಅಂತ ಕೃಷ್ಣಮೇಘ ಕುಂಟೆ ಮತ್ತು ಸಂಗಡಿಗರು 2014ರಲ್ಲಿ ತೋರಿಸಿದರು. ವೇಷದ ಆವೃತ್ತಿ ಪ್ರಬಲ, ಗಂಡುರೂಪದ್ದು ದುರ್ಬಲ.

ಇಸ್ನೂರಾದಲ್ಲಿ ಕತೆ ಇದಕ್ಕೆ ತಿರುಗುಮುರುಗು. ಈಚಿನ ಜೀನೋಮ್ ಅಧ್ಯಯನದ ಪ್ರಕಾರ ಅಲ್ಲಿ ಹಿಂದೆ ಗಂಡು ಒಂದು ಬಣ್ಣ, ಹೆಣ್ಣು ಒಂದು ಬಣ್ಣ ಇದ್ದವು. ಗಂಡುರೂಪಿ ಹೆಣ್ಣು ಆಮೇಲೆ ಬಂದದ್ದು. ಜೀನೋಮಿನೊಳಗೆ ಜಾಗ ಬದಲಿಸುತ್ತಾ ಓಡಾಡುವ ಡಿಎನ್ಎ ತುಣುಕುಗಳು ಮಾಡಿದ ಗಲಾಟೆಯಲ್ಲಿ ಆ ಹೊಸ ಆವೃತ್ತಿ ಹುಟ್ಟಿರುವ ಸಾಧ್ಯತೆ ಹೆಚ್ಚು. ಅಂದರೆ ಒಂದು ಕಡೆ ಗಂಡುರೂಪ ಹಳೇದು, ಇನ್ನೊಂದು ಕಡೆ ಹೊಸದು. ಒಂದು ಕಡೆ ಸುಮ್ನೆ ಇದ್ದ ಹಾಗೇ ಇರುವುದು, ಇನ್ನೊಂದು ಕಡೆ ಅನುಕರಣೆ ಇರಬಹುದು. ಪದ ಮಾತ್ರ ಎರಡಕ್ಕೂ ಒಂದೇ. ಅದಕ್ಕೇ ನಾನು 'ಗಂಡನ್ನು ಅನುಕರಿಸುವ ಹೆಣ್ಣು' ಅಂತ ಅರ್ಥ ಕೊಡುವವರ ಜೊತೆ ಜಗಳಕ್ಕೆ ನಿಲ್ಲುವುದು. ಅನುಕರಣೆ ಅಂತ ಸಾಬೀತಾದ ಮೇಲೆ ಬೇಕಾದರೆ ಹಾಗೆ ಕರೆಯಿರಿ.

ಹಕ್ಕಿಗಳಲ್ಲೂ ಇದೆ. ಬಿಳಿ ಕುತ್ತಿಗೆಯ ಜಾಕೋಬಿನ್ ಅನ್ನುವ ಹಮ್ಮಿಂಗ್‌ಬರ್ಡ್ ಮಧ್ಯ ಮತ್ತು ದಕ್ಷಿಣ ಅಮೆರಿಕದ್ದು. ಗಂಡು ನೀಲಿ ತಲೆ, ಬಿಳಿ ಹೊಟ್ಟೆ, ಬಿಳಿ ಬಾಲದ ಚೆಲುವ. ಹೆಣ್ಣು ಸಾಮಾನ್ಯವಾಗಿ ಮಂಕು ಹಸಿರು. ಆದರೆ ಪನಾಮಾದಲ್ಲಿ ಹಿಡಿದು ನೋಡಿದಾಗ ಬೆಳೆದ ಹೆಣ್ಣುಗಳಲ್ಲಿ ಸುಮಾರು ಐದರಲ್ಲಿ ಒಂದು ಗಂಡಿನ ಬಣ್ಣದ್ದು. ಜೇ ಫಾಕ್ ಮತ್ತು ಸಂಗಡಿಗರು 2021ರಲ್ಲಿ ಪ್ರಕಟಿಸಿದ ಕೆಲಸ ಇದು. ಇನ್ನೂ ವಿಚಿತ್ರ ಅಂದರೆ ಎಳೇ ಹಕ್ಕಿಗಳೆಲ್ಲ, ಹೆಣ್ಣುಗಳೂ ಸೇರಿ, ಗಂಡಿನ ಬಣ್ಣದಲ್ಲೇ ಶುರು ಮಾಡುತ್ತವೆ. ಬಹುತೇಕ ಹಕ್ಕಿಗಳಲ್ಲಿ ಮರಿಗಳು ತಾಯಿಯ ಮಂಕು ಬಣ್ಣದಲ್ಲಿ ಇರುತ್ತವೆ, ಇಲ್ಲಿ ಉಲ್ಟಾ. ಲಾಭ ಏನು? ಸಂಗಾತಿಗಾಗಿ ಅಲ್ಲ, ಊಟಕ್ಕಾಗಿ. ಮಂಕು ಬಣ್ಣದ ಹೆಣ್ಣನ್ನು ಮಕರಂದದ ಹತ್ತಿರ ಬೇರೆ ಹಕ್ಕಿಗಳು ಕುಕ್ಕಿ ಓಡಿಸುತ್ತವೆ, ಗಂಡಿನ ಬಣ್ಣದ ಹೆಣ್ಣಿಗೆ ಆ ಕಾಟ ಕಡಿಮೆ. ಕೋಗಿಲೆಯ ಬಳಗದ ಕಾಮನ್ ಕಕೂ ಹಕ್ಕಿಯಲ್ಲೂ ಗಂಡಿನ ಹಾಗೆ ಬೂದು ಇರುವ ಹೆಣ್ಣು, ಕೆಂಗಂದು ಹೆಣ್ಣು ಅಂತ ಎರಡು ಬಗೆ ಇವೆ.

ಇನ್ನು ಗೈನಾಂಡ್ರೊಮಾರ್ಫ್. ಎರಡೂ ಪದಗಳ ಬಾಲ ಒಂದೇ, ಅಷ್ಟಕ್ಕೇ ಜನ ಮೋಸ ಹೋಗುತ್ತಾರೆ. ಗೈನಾಂಡ್ರೊಮಾರ್ಫ್ ಅಂದರೆ ಒಂದೇ ದೇಹದಲ್ಲಿ ನಿಜಕ್ಕೂ ಗಂಡು ಭಾಗವೂ ಹೆಣ್ಣು ಭಾಗವೂ ಇರುವ ಜೀವಿ. ಕೆಲವೊಮ್ಮೆ ಗೆರೆ ಎಳೆದ ಹಾಗೆ ಎಡ ಒಂದು, ಬಲ ಒಂದು. ಹಣ್ಣಿನ ನೊಣಗಳಲ್ಲಿ ಇದು ಹೇಗೆ ಆಗುತ್ತದೆ ಅಂತ ಮಾರ್ಗನ್ ಮತ್ತು ಬ್ರಿಜಸ್ 1919ರಲ್ಲೇ ವಿವರಿಸಿದರು. ಎರಡು ಎಕ್ಸ್ ಕ್ರೋಮೊಸೋಮ್ ಇರುವ ಹೆಣ್ಣು ಭ್ರೂಣದಲ್ಲಿ, ಕೋಶ ಒಡೆಯುವ ಮೊದಮೊದಲ ಹಂತದಲ್ಲೇ ಒಂದು ಕೋಶ ತನ್ನ ಒಂದು ಎಕ್ಸ್ ಕಳೆದುಕೊಂಡರೆ, ಅದರಿಂದ ಬೆಳೆದ ಭಾಗ ಎಲ್ಲ ಗಂಡು. 2020ರ ಸೆಪ್ಟೆಂಬರ್‌ನಲ್ಲಿ ಅಮೆರಿಕದ ಪೆನ್ಸಿಲ್ವೇನಿಯಾದ ಪೌಡರ್‌ಮಿಲ್ ನಿಸರ್ಗಧಾಮದಲ್ಲಿ ಬಲೆಗೆ ಸಿಕ್ಕ ಗ್ರೋಸ್‌ಬೀಕ್ ಹಕ್ಕಿಯೊಂದಕ್ಕೆ ಒಂದು ರೆಕ್ಕೆಯ ಕೆಳಗೆ ಗಂಡಿನ ಗುಲಾಬಿ, ಇನ್ನೊಂದರ ಕೆಳಗೆ ಹೆಣ್ಣಿನ ಹಳದಿ. ಆ ಫೋಟೊ ಬಹಳ ಓಡಾಡಿತು, ನೀವೂ ನೋಡಿರಬಹುದು. ಇದು ಅಪರೂಪದ ಘಟನೆ, ಹುಟ್ಟುವಾಗ ಆದ ಏರುಪೇರು. ಆಂಡ್ರೊಮಾರ್ಫ್ ಹಾಗಲ್ಲ, ಜನಸಂಖ್ಯೆಯೊಳಗೆ ನೆಲೆ ನಿಂತ ಒಂದು ಬಗೆ.

ಮೂರನೆಯ ಗುಂಪೂ ಒಂದಿದೆ, ಅದನ್ನೂ ಜನ ಆಂಡ್ರೊಮಾರ್ಫ್ ಅಂದುಬಿಡುತ್ತಾರೆ. ಹುಟ್ಟುವಾಗ ಮಾಮೂಲಿ ಹೆಣ್ಣು, ಆಮೇಲೆ ಹಾರ್ಮೋನ್ ಏರುಪೇರಾಗಿ ಗಂಡಿನ ಲಕ್ಷಣ ಬಂದದ್ದು. ಜಾನ್ ಹಂಟರ್ ಅನ್ನುವ ಶಸ್ತ್ರವೈದ್ಯ 1780ರಲ್ಲಿ ಗಂಡಿನ ಗರಿ ಬಂದ ಹೆಣ್ಣು ಫೆಸೆಂಟ್ ಹಕ್ಕಿಗಳ ಬಗ್ಗೆ ಲಂಡನ್ನಿನ ರಾಯಲ್ ಸೊಸೈಟಿಯ ಪತ್ರಿಕೆಯಲ್ಲಿ ಬರೆದಿದ್ದರು. ಕೋಳಿ, ಫೆಸೆಂಟ್, ನವಿಲುಗಳ ಬಳಗದಲ್ಲಿ ಹೆಣ್ಣಿನ ಮಂಕು ಗರಿಗೆ ಅಂಡಾಶಯದ ಈಸ್ಟ್ರೋಜನ್ ಅನ್ನುವ ಹಾರ್ಮೋನ್ ಬೇಕು. ಅಂಡಾಶಯ ಮುದಿಯಾಗಿಯೋ ರೋಗದಿಂದಲೋ ಕೆಲಸ ನಿಲ್ಲಿಸಿದರೆ, ಮುಂದಿನ ಸಲ ಉದುರಿ ಬರುವ ಗರಿ ಗಂಡಿನದ್ದಾಗಬಹುದು. ಇದಕ್ಕಿಂತ ಬೇಸರದ ಉದಾಹರಣೆ ಸಮುದ್ರದ ಶಂಖದ ಹುಳುಗಳದ್ದು. ಹಡಗಿನ ತಳಕ್ಕೆ ಬಳಿಯುವ ಬಣ್ಣದಲ್ಲಿದ್ದ ಟ್ರೈಬ್ಯುಟೈಲ್ ಟಿನ್ ಅನ್ನುವ ರಾಸಾಯನಿಕ, ನೀರಿನಲ್ಲಿ ಲೀಟರಿಗೆ ಕೆಲವೇ ನ್ಯಾನೊಗ್ರಾಂ ಇದ್ದರೂ ಸಾಕು, ಡಾಗ್‌ವೆಲ್ಕ್ ಹೆಣ್ಣುಗಳಿಗೆ ಗಂಡಿನ ಅಂಗ ಬೆಳೆಯುತ್ತಿತ್ತು. ಎಷ್ಟೋ ಕಡೆ ಅವು ಮೊಟ್ಟೆ ಹೊರಹಾಕಲಾಗದೆ ಸಂತತಿಯೇ ಅಳಿಯಿತು. 2008ರಲ್ಲಿ ಜಾಗತಿಕ ನಿಷೇಧ ಜಾರಿಗೆ ಬಂತು. ಇದಕ್ಕೆ ಇಂಪೋಸೆಕ್ಸ್ ಅನ್ನುವ ಬೇರೆಯೇ ಹೆಸರು ಇದೆ, ಇರಲೇಬೇಕು. ವಿಷದಿಂದ ಬಂದ ಹಾನಿಯನ್ನೂ ವಂಶದಿಂದ ಬಂದ ಬಣ್ಣವನ್ನೂ ಒಂದೇ ಪದದಲ್ಲಿ ಕಟ್ಟಿದರೆ ಆಮೇಲೆ ಯಾರಿಗೂ ಏನೂ ಅರ್ಥವಾಗಲ್ಲ.

ಇದರ ಕನ್ನಡಿ ಚಿತ್ರವೂ ಇದೆ, ಹೆಣ್ಣಿನ ಹಾಗೆ ಕಾಣುವ ಗಂಡು. ರಫ್ ಅನ್ನುವ ನೀರಹಕ್ಕಿಯಲ್ಲಿ ಕತ್ತಿನ ಸುತ್ತ ಗರಿಗಳ ದೊಡ್ಡ ಕಾಲರ್ ಇರುವ ಗಂಡುಗಳ ನಡುವೆ, ಕಾಲರೇ ಇಲ್ಲದ, ನೋಡಲು ಹೆಣ್ಣಿನಂತಿರುವ ಗಂಡುಗಳು ಸೇರಿಕೊಂಡಿರುತ್ತವೆ. ಫೇಡರ್ ಅಂತ ಹೆಸರು. 2006ರವರೆಗೂ ಇವು ಇರುವುದೇ ವಿಜ್ಞಾನಕ್ಕೆ ತಿಳಿದಿರಲಿಲ್ಲ, ಅಷ್ಟು ಚೆನ್ನಾಗಿ ಬೆರೆತಿದ್ದವು.

ಮನುಷ್ಯರ ವಿಷಯಕ್ಕೆ ಬಂದರೆ, ಬೇಡ. ಹೆಣ್ಣುಗಳಲ್ಲಿ ಗಂಡುರೂಪದ ಪ್ರತ್ಯೇಕ ವಂಶಪಾರಂಪರ್ಯ ಬಗೆ ಅನ್ನೋದು ಮನುಷ್ಯರಲ್ಲಿ ಇಲ್ಲ, ಹಾಗಾಗಿ ಪದಕ್ಕೆ ಅಲ್ಲಿ ಕೆಲಸವೇ ಇಲ್ಲ. ಟ್ರಾನ್ಸ್ ವ್ಯಕ್ತಿಗಳಿಗೋ, ಗಡ್ಡ ಮೀಸೆ ಬರುವ ಹೆಂಗಸರಿಗೋ ಈ ಪದ ಅಂಟಿಸುವುದು ತಪ್ಪು ಮಾತ್ರವಲ್ಲ, ಒರಟುತನ ಕೂಡ. ವೈದ್ಯಶಾಸ್ತ್ರಕ್ಕೆ ಅದರದ್ದೇ ಪದಗಳಿವೆ. ಹೆಚ್ಚಿನ ಕೂದಲಿಗೆ ಹರ್ಸುಟಿಸಂ, ಹಾರ್ಮೋನಿನಿಂದ ಗಂಡು ಲಕ್ಷಣ ಬರುವುದಕ್ಕೆ ವಿರಿಲೈಸೇಷನ್. ಆಂಡ್ರಾಯ್ಡ್ ಪದವೂ ಅಲ್ಲಿ ಹಳೇದು. ಫೋನಿಗೆ ಆ ಹೆಸರು ಬರುವ ಎಷ್ಟೋ ಮೊದಲು, 1933ರಲ್ಲಿ ಕಾಲ್ಡ್‌ವೆಲ್ ಮತ್ತು ಮೊಲಾಯ್ ಹೆಂಗಸರ ಸೊಂಟದ ಮೂಳೆಯನ್ನು ನಾಲ್ಕು ಬಗೆ ಮಾಡಿದಾಗ, ಗಂಡಸಿನ ಸೊಂಟದಂತೆ ಇರುವ ಬಗೆಗೆ ಆಂಡ್ರಾಯ್ಡ್ ಅಂದರು. 1947ರಲ್ಲಿ ಫ್ರಾನ್ಸಿನ ಜಾನ್ ವಾಗ್ ಹೊಟ್ಟೆಯ ಸುತ್ತ ಕೊಬ್ಬು ಸೇರುವ ಬೊಜ್ಜಿಗೂ ಅದೇ ಪದ ಬಳಸಿದರು. ಇವು ಆಂಡ್ರೊಮಾರ್ಫ್‌ನ ನೆಂಟರು, ಆದರೆ ಬದಲಿಗೆ ಬಳಸುವಂಥವಲ್ಲ.

ಇನ್ನೊಂದು ಜಾಗದಲ್ಲಿ ಮಾತ್ರ ಎಚ್ಚರ. ಮೂರ್ತಿ, ದೇವರು, ಪುರಾತನ ಬೊಂಬೆಗಳ ಬಗ್ಗೆ ಓದುವಾಗ ಆಂಡ್ರೊಮಾರ್ಫಿಕ್ ಅನ್ನುವ ಗುಣವಾಚಕ ಸಿಗಬಹುದು. ಅಲ್ಲಿ ಅರ್ಥ ಗಂಡಿನ ಆಕಾರದ ಪ್ರತಿಮೆ ಅಂತ ಅಷ್ಟೇ. ಅದರ ಪಕ್ಕದಲ್ಲೇ ಆಂತ್ರೊಪೊಮಾರ್ಫಿಕ್ ಅಂತಲೂ ಇರುತ್ತದೆ, ಅದು ಮನುಷ್ಯನ ಆಕಾರದ್ದು, ಗಂಡೋ ಹೆಣ್ಣೋ ಯಾವುದಾದರೂ ಸರಿ. ಬೆರಳಚ್ಚು ಮಾಡುವಾಗ ಒಂದು ಇನ್ನೊಂದಾಗಿಬಿಡುತ್ತದೆ, ಅರ್ಥ ಪೂರ್ತಿ ಬೇರೆ.

ಕನ್ನಡದಲ್ಲಿ ಬರೆಯುವಾಗ 'ಗಂಡುರೂಪಿ ಹೆಣ್ಣು' ಅನ್ನಿ, ಮೊದಲ ಸಲ ಆಂಡ್ರೊಮಾರ್ಫ್ ಅಂತಲೂ ಜೊತೆಗೆ ಹಾಕಿ. 'ಹೆಣ್ಣು' ಅನ್ನುವ ಪದವನ್ನು ಬಿಡಲೇಬೇಡಿ, ಬರೀ ಗಂಡುರೂಪಿ ಅಂದರೆ ಓದುವವರು ಗಂಡು ಅಂತಲೇ ಓದುತ್ತಾರೆ. ಹಾಗೆ ಬರೆಯುವ ಮುಂಚೆ ಅದು ಹೆಣ್ಣು ಹೌದಾ ಅಂತ ಫೋಟೊದಲ್ಲೇ ನೋಡಿಕೊಳ್ಳಿ. ಡ್ಯಾಮ್ಸೆಲ್‌ಫ್ಲೈ ಆದರೆ ಹೊಟ್ಟೆಯ ಎರಡನೇ ಖಂಡದ ಕೆಳಗೆ ಉಬ್ಬಿದ ಅಂಗ, ಬಾಲದ ತುದಿಯಲ್ಲಿ ಇಕ್ಕಳ ಕಂಡರೆ ಗಂಡು. ತುದಿಗೆ ಸ್ವಲ್ಪ ಮುಂಚೆ ಕೆಳಭಾಗ ದಪ್ಪಗಿದ್ದು ಮೊಟ್ಟೆ ಇಡುವ ಅಲಗು ಕಂಡರೆ ಹೆಣ್ಣು. ಪಕ್ಕದಿಂದ ತೆಗೆದ ಫೋಟೊ ಬೇಕು, ಮೇಲಿಂದ ತೆಗೆದದ್ದರಲ್ಲಿ ಇದು ಗೊತ್ತಾಗಲ್ಲ. ಎಳೇ ಹೆಣ್ಣುಗಳ ಬಣ್ಣವೂ ದಾರಿ ತಪ್ಪಿಸುತ್ತದೆ. ಎಲೆಗನ್ಸ್‌ನ ಗಂಡುರೂಪಿ ಹೆಣ್ಣು ಎಳೇದಿದ್ದಾಗ ಎದೆ ನೇರಳೆ, ಬಲಿತ ಮೇಲೆ ನೀಲಿ. ಹಸಿರುಗಂದಾಗುವ ಬಗೆಯೂ ಎಳವೆಯಲ್ಲಿ ನೇರಳೆಯೇ, ಆಗ ಎರಡನ್ನೂ ಬೇರೆ ಮಾಡೋದು ಕಷ್ಟ. ಅಂಥ ಫೋಟೊಗೆ 'ಎಳೇ ಹೆಣ್ಣು' ಅಂತಷ್ಟೇ ಬರೆದು ಬಿಟ್ಟುಬಿಡಿ.